ಮನೆಯಲ್ಲಿ ಮಾತಾಡುವ ಗಂಡ

ನಮ್ಮ ಅವ್ವನಿಗೆ ರಾಜ್‌ಕುಮಾರ್ ಅಂದ್ರೆ ದೇವರು. ಆದ್ರೆ ಗಂಡ ಅಂದ್ರೆ ಹೇಗಿರಬೇಕು ಅಂತ ತೋರಿಸಿದ್ದು ಅನಂತನಾಗ್.

ಬಸವಾಪಟ್ಟಣದಲ್ಲಿ ನಮ್ಮ ಪಕ್ಕದ ಮನೆಗೆ ಟಿ.ವಿ. ಬಂದ ಕಾಲ. ಭಾನುವಾರ ಸಂಜೆ ದೂರದರ್ಶನದ ಸಿನಿಮಾಕ್ಕೆ ಅವರ ಪಡಸಾಲೆ ತುಂಬಿಹೋಗುತ್ತಿತ್ತು. 1974ರ ‘ಎರಡು ಕನಸು’ ಬಂದ ದಿನ ಎಲ್ಲರ ಕಣ್ಣಲ್ಲೂ ನೀರು. ಮಂಜುಳಾಳನ್ನು ಮರೆಯಲಾರದ ರಾಜ್, ಕಟ್ಟಿಕೊಂಡ ಕಲ್ಪನಾಳನ್ನು ದೂರವೇ ಇಡ್ತಾರೆ. “ಅವರಿಗೆ ನೋವೈತೆ, ಸರಿ. ಆಯಮ್ಮ ಏನ್ ತಪ್ಪು ಮಾಡಿದ್ಲು?” ಅಂದಳು ಅವ್ವ. ಯಾರೂ ಉತ್ತರ ಕೊಡಲಿಲ್ಲ.

ಅನಂತನಾಗ್–ಲಕ್ಷ್ಮಿ ಜೋಡಿ ಬೇರೆ ಥರ. ‘ನಾ ನಿನ್ನ ಬಿಡಲಾರೆ’, ‘ಚಂದನದ ಗೊಂಬೆ’ ಎರಡೂ 1979ರವು. ಆಮೇಲೆ ‘ಮುದುಡಿದ ತಾವರೆ ಅರಳಿತು’, ‘ಮಕ್ಕಳಿರಲವ್ವ ಮನೆ ತುಂಬ’. ಇವರನ್ನು ನಾವು ನೆನೆಯುವುದು ಪ್ರೇಮಿಗಳಾಗಿ ಅಲ್ಲ, ಗಂಡ ಹೆಂಡತಿಯಾಗಿ. ಜಗಳ, ಮುನಿಸು, ರಮಿಸುವುದು ಎಲ್ಲಾ ಮನೆಯೊಳಗೇ. ಅವ್ವ ಕಣ್ಣು ಮಿಟುಕಿಸದೆ ನೋಡೋಳು. ನಮ್ಮಪ್ಪ ಕೆಟ್ಟವರೇನಲ್ಲ. ಆದ್ರೆ ತೋಟದಿಂದ ಬಂದು ಉಂಡು ಮಲಗಿದರೆ ಮುಗೀತು. ಅಡಿಕೆ ಸುಲಿಯೋ ದಿನಗಳಲ್ಲಂತೂ “ಇವಳೇ, ನೀರು” ಅನ್ನೋದು ಬಿಟ್ಟರೆ ಬೇರೆ ಮಾತಿಲ್ಲ.

1987ರಲ್ಲಿ ‘ಪ್ರೇಮಲೋಕ’ ಬಂತು. ರವಿಚಂದ್ರನ್, ಜೂಹಿ ಚಾವ್ಲಾ, ಬೈಕು, ಕಾಲೇಜು, ಸಾಲು ಸಾಲು ಹಾಡು! ಪ್ರೀತಿ ಮದುವೆಗೆ ಮುಂಚಿನ ವಿಷಯವಾಗಿಬಿಡ್ತು. ಆಮೇಲಾಮೇಲೆ ಹುಡುಗಿ ಬೇಡ ಅಂದ್ರೂ ಹಿಂದೆ ಬೀಳೋದೇ ಪ್ರೀತಿ ಅನ್ನೋ ಸಿನಿಮಾಗಳು. ಅದೇ ಡೈಲಾಗ್ ಹೊಡೆಯೋ ಹುಡುಗರನ್ನು ಬಸ್ ಸ್ಟ್ಯಾಂಡಿನಲ್ಲಿ ದಾಟಿಕೊಂಡು ಚನ್ನಗಿರಿ ಕಾಲೇಜಿಗೆ ಹೋದವಳು ನಾನು. ಅಂಥ ಹೀರೋಗಳಿಗೆ ಇವತ್ತಿಗೂ ನನ್ನಿಂದ ಶಿಳ್ಳೆ ಇಲ್ಲ. 2006ರ ‘ಮುಂಗಾರು ಮಳೆ’ಯಲ್ಲಿ ಪ್ರೀತಂ ಪ್ರೀತಿಸಿದವಳನ್ನು ಬಿಟ್ಟುಕೊಟ್ಟಾಗ ಮಳೆಯ ಜೊತೆ ನಾವೂ ಅತ್ತೆವು ನಿಜ. ಆದ್ರೆ ನಂದಿನಿಯ ಬಾಳನ್ನೂ ಅವನೊಬ್ಬನೇ ತೀರ್ಮಾನಿಸಿದ, ಅಲ್ವಾ?

ಮಗಳು 2023ರ ‘ಸಪ್ತ ಸಾಗರದಾಚೆ ಎಲ್ಲೋ’ ನೋಡಿ ಬಂದು ಎರಡು ದಿನ ಮಂಕಾಗಿದ್ದಳು. ಮೂರನೇ ದಿನ, “ಜೈಲಿಗೆ ಹೋಗೋ ಮುಂಚೆ ಮನು ಒಂದ್ಮಾತು ಪ್ರಿಯಾನ ಕೇಳ್ಬೇಕಿತ್ತು ಕಣಮ್ಮ” ಅಂದಳು. ಅವಳಜ್ಜಿ ಮೂಲೆಯಲ್ಲಿ ಕೂತು ತಲೆದೂಗಿದಳು.

ಈಗ ಅವಳಿಗೆ ಗಂಡು ನೋಡ್ತಿದ್ದೇವೆ. ಹೋದ ತಿಂಗಳು ಒಂದು ಸಂಬಂಧ ಬಂತು. ತೋಟ ಎಷ್ಟು, ಸಂಬಳ ಎಷ್ಟು ಅಂತ ನಮ್ಮವರೆಲ್ಲ ವಿಚಾರಿಸಿದರು. ಅವ್ವ ಹುಡುಗನ ತಾಯಿಯನ್ನು ಪಕ್ಕಕ್ಕೆ ಕರೆದು, “ಮನಿಯಾಗೆ ಮಾತಾಡ್ತಾನೇನವ್ವ?” ಅಂದಳು.

ಮಗಳು ಇನ್ನೂ ಒಪ್ಪಿಗೆ ಕೊಟ್ಟಿಲ್ಲ. ಇನ್ನೆರಡು ಸಲ ಅವನ ಜೊತೆ ಕೂತು ಮಾತಾಡಬೇಕಂತೆ.