ಒಂದೇ ಚಂದ್ರ, ಎರಡು ಲೆಕ್ಕ: ಬೀದರಿನಿಂದ ಒಂದು ಪತ್ರ

ಬೀದರ್



ಬೀದರ್ ಸೀಮೆಯಲ್ಲಿ ಬಾಲಚಂದ್ರನ ಆಕೃತಿ ಮಸೀದಿ, ದರ್ಗಾಗಳ ಶಿಖರದ ಮೇಲೂ ಶಿವನ ಜಟೆಯಲ್ಲೂ ಕಾಣಿಸುತ್ತದೆ. ಕನ್ನಡ ನಾಡಿನ ಹಳೆಯ ದಾನಶಾಸನಗಳ ನೆತ್ತಿಯಲ್ಲಿ ಅದೇ ಚಂದ್ರ ಸೂರ್ಯನ ಜೊತೆಗಿದ್ದು, ಅವೆರಡೂ ಇರುವವರೆಗೆ, ಎಂದರೆ ಆಚಂದ್ರಾರ್ಕವಾಗಿ, ದಾನ ನಡೆಯಬೇಕೆಂಬ ಕಟ್ಟಳೆಗೆ ಸಾಕ್ಷಿಯಾಗಿ ನಿಲ್ಲುತ್ತಾನೆ. ಕಲ್ಲಿನಲ್ಲಿ ಅನಂತ ಕಾಲದ ಗುರುತಾದ ಈ ಚಂದ್ರ ದಿನಬಳಕೆಯಲ್ಲಿ ತಿಂಗಳನ್ನು ಅಳೆಯುವ ಸಾಧನವಾಗಿದ್ದು, ಅವನನ್ನು ಎಣಿಸುವ ಎರಡು ಬಗೆಗಳು ಎಲ್ಲಿ ಕೂಡುತ್ತವೆ, ಎಲ್ಲಿ ಅಗಲುತ್ತವೆ ಎಂಬುದರಲ್ಲೇ ಈ ಊರುಗಳ ಬದುಕಿನ ಒಂದು ಮುಖ್ಯ ಲಕ್ಷಣ ಅಡಗಿದೆ.

ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಸರಾಸರಿ 29 ದಿನ 12 ಗಂಟೆ 44 ನಿಮಿಷ ಹಿಡಿಯುವುದರಿಂದ ಹನ್ನೆರಡು ಚಾಂದ್ರಮಾಸಗಳಿಗೆ ಸುಮಾರು 354 ದಿನಗಳಾಗುತ್ತವೆ. ಋತುಗಳನ್ನು ನಡೆಸುವ ಸೌರವರ್ಷಕ್ಕಿಂತ ಇದು 11 ದಿನ ಕಡಿಮೆ. ಹಿಜರಿ ಪಂಚಾಂಗ ಈ ಕೊರತೆಯನ್ನು ತುಂಬಲು ಹೋಗುವುದಿಲ್ಲ. ಇಪ್ಪತ್ತೊಂಬತ್ತನೆಯ ದಿನದ ಸಂಜೆ ಪಶ್ಚಿಮದಲ್ಲಿ ಚಂದ್ರದರ್ಶನವಾದರೆ ಹೊಸ ತಿಂಗಳು ಹುಟ್ಟುತ್ತದೆ, ಆಗದಿದ್ದರೆ ಮೂವತ್ತು ದಿನ ತುಂಬಿಸಲಾಗುತ್ತದೆ. ಹೀಗಾಗಿ ರಂಜಾನ್ ಸುಮಾರು 33 ವರ್ಷಗಳಲ್ಲಿ ಎಲ್ಲ ಋತುಗಳನ್ನೂ ಸುತ್ತಿ ಬರುತ್ತದೆ. ಚಾಂದ್ರಮಾನ ಪಂಚಾಂಗವಾದರೋ ಸೂರ್ಯನಿಗಿಂತ ಚಂದ್ರ 12 ಅಂಶ ಮುಂದೆ ಸಾಗುವ ಅವಧಿಯನ್ನು ತಿಥಿಯೆಂದು ಕರೆದು, ಸುಮಾರು 32 ತಿಂಗಳಿಗೊಮ್ಮೆ ಅಧಿಕ ಮಾಸವನ್ನು ಸೇರಿಸಿ, ಹಬ್ಬಗಳನ್ನು ಋತುವಿಗೆ ಕಟ್ಟಿಹಾಕುತ್ತದೆ.

ಈ ಎರಡು ಲೆಕ್ಕಗಳು ಬೆರೆತಿರುವುದನ್ನು ಕಾಣಲು ಬೀದರ್ ನಗರದ ಪೂರ್ವಕ್ಕಿರುವ ಅಷ್ಟೂರಿಗೆ ಹೋಗಬೇಕು. ರಾಜಧಾನಿಯನ್ನು ಕಲಬುರಗಿಯಿಂದ ಬೀದರಿಗೆ ತಂದ ಬಹಮನಿ ಸುಲ್ತಾನ ಒಂದನೆಯ ಅಹ್ಮದ್ ಶಾಹನ ಸಮಾಧಿ ಇಲ್ಲಿದೆ. ಬರಗಾಲದಲ್ಲಿ ಅವನ ಪ್ರಾರ್ಥನೆಗೆ ಮಳೆ ಸುರಿಯಿತೆಂಬ ನಂಬಿಕೆಯಿಂದ ಅವನಿಗೆ 'ವಲಿ', ಎಂದರೆ ಸಂತ, ಎಂಬ ಹೆಸರು ಬಂದಿತು. ಪುಣ್ಯತಿಥಿಯ ಉತ್ಸವವಾದ ಉರುಸನ್ನು ಸಾಮಾನ್ಯವಾಗಿ ಹಿಜರಿ ತಾರೀಖಿಗೆ ಆಚರಿಸುವುದು ವಾಡಿಕೆಯಾದರೂ ಅಷ್ಟೂರಿನ ಉರುಸು ನಡೆಯುವುದು ಹೋಳಿ ಹುಣ್ಣಿಮೆ ಕಳೆದ 20ನೆಯ ದಿನ. ಅಂದು ಕಲಬುರಗಿ ಜಿಲ್ಲೆಯ ಮಾಡ್ಯಾಳದಿಂದ ಜಂಗಮರು ಭಕ್ತರೊಡನೆ ಬಂದು, ಶಂಖ ಊದಿ, ಸಮಾಧಿಗೆ ಹೂವೇರಿಸಿ, ತೆಂಗಿನಕಾಯಿ ಒಡೆಯುವ ಪದ್ಧತಿಯನ್ನು ಹೈದರಾಬಾದ್ ಸಂಸ್ಥಾನದ ಪುರಾತತ್ತ್ವ ವಿದ್ವಾಂಸ ಗುಲಾಮ್ ಯಜ್ದಾನಿ ಬೀದರಿನ ಸ್ಮಾರಕಗಳನ್ನು ಕುರಿತ 1947ರ ತಮ್ಮ ಗ್ರಂಥದಲ್ಲಿ ದಾಖಲಿಸಿದ್ದಾರೆ. ಹೋಳಿಗೆ ಗಂಟುಬಿದ್ದ ಕಾರಣ ಈ ಉರುಸು ಋತುಗಳಲ್ಲಿ ಅಲೆಯದೆ, ಸುಗ್ಗಿ ಮುಗಿದು ಒಕ್ಕಲು ಜನರಿಗೆ ಬಿಡುವಿರುವ ಚೈತ್ರದ ಹೊತ್ತಿಗೇ ಬರುತ್ತದೆ.

ಬೀದರಿನಿಂದ ಸುಮಾರು 40 ಕಿಲೋಮೀಟರ್ ದೂರದ ಭಾಲ್ಕಿಯಲ್ಲಿ ಬಸವ ಜಯಂತಿ ದೊಡ್ಡ ಹಬ್ಬ. ನಿಜಾಮರ ಆಳ್ವಿಕೆಯಲ್ಲಿ ಹೊರಗೆ ಉರ್ದು ಫಲಕ ಹಾಕಿ ಒಳಗೆ ಕನ್ನಡ ಕಲಿಸಿದ ಚನ್ನಬಸವ ಪಟ್ಟದ್ದೇವರ ಹಿರೇಮಠ ಇಲ್ಲಿಯದು. ಜಯಂತಿಯ ತಿಥಿ ವೈಶಾಖ ಶುದ್ಧ ತದಿಗೆಯಾದ್ದರಿಂದ ಅಂದಿನ ಸಂಜೆ ಕಾಣುವುದು ಸಹ ಎಳೆಯ ಚಂದ್ರನೇ. ಹಿಜರಿ ತಿಂಗಳೊಂದು ಆಗಷ್ಟೇ ಆರಂಭವಾಗಿರುತ್ತದೆ. ಆ ತಿಂಗಳು ರಂಜಾನ್ ಮಾಸದ ಮುಂದಿನ ಶವ್ವಾಲ್ ಆಗಿಬಿಟ್ಟರೆ ರಂಜಾನ್ ಹಬ್ಬವೂ ಬಸವ ಜಯಂತಿಯೂ ಜೊತೆಯಾಗುತ್ತವೆ. 2021ರ ಮೇ 14ರಂದು ಮತ್ತು 2022ರ ಮೇ 3ರಂದು ಹಾಗೆಯೇ ಆಯಿತು. 2023ರಲ್ಲಿ ಅಧಿಕ ಶ್ರಾವಣ ನಡುವೆ ಬಂದುದರಿಂದ 2024ರಲ್ಲಿ ರಂಜಾನ್ ಹಬ್ಬ ಏಪ್ರಿಲ್ 11ಕ್ಕೆ ಬಿದ್ದರೆ ಬಸವ ಜಯಂತಿ ಮೇ 10ಕ್ಕೆ ಸರಿಯಿತು.

ಚಂದ್ರನ ವರ್ಷ ಋತುವಿನಿಂದ ಜಾರುವ ತೊಡಕು ಸರ್ಕಾರದ ಖಜಾನೆಗೂ ತಟ್ಟಿತ್ತು. ಬೆಳೆ ಬಾರದ ಕಾಲಕ್ಕೆ ಕಂದಾಯದ ಕಂತು ಬಿದ್ದರೆ ರೈತ ಕಟ್ಟಲಾರ. ಅದಕ್ಕಾಗಿ ಅಕ್ಬರನ ಕಾಲದಲ್ಲಿ ರೂಪುಗೊಂಡ ಸೌರಮಾನದ ಫಸಲಿ, ಎಂದರೆ ಬೆಳೆಯನ್ನನುಸರಿಸುವ, ವರ್ಷ ಹೈದರಾಬಾದ್ ಸಂಸ್ಥಾನದ ದಫ್ತರಗಳಲ್ಲಿ ಬಳಕೆಯಲ್ಲಿತ್ತು. ಈ ಭಾಗದ ಹಳೆಯ ಕಾಗದಪತ್ರಗಳ ಫಸಲಿ ಇಸವಿಗೆ 590 ಕೂಡಿಸಿದರೆ ಸಾಮಾನ್ಯವಾಗಿ ಕ್ರಿಸ್ತಶಕ ದೊರೆಯುತ್ತದೆ.

ರಾಜ್ಯದ ಉತ್ತರ ತುದಿಯ ಔರಾದ್ ತಾಲ್ಲೂಕಿನಲ್ಲಿ ಹೊಲದ ಹಬ್ಬ ಬರುವುದು ಚಂದ್ರನೇ ಕಾಣದ ದಿನ. ಮಾರ್ಗಶಿರದ ಕೊನೆಯ ಎಳ್ಳ ಅಮಾವಾಸ್ಯೆಗೆ ಮನೆಮಂದಿಯೆಲ್ಲ ಹೊಲಕ್ಕೆ ಹೋಗಿ, ಜೋಳದ ದಂಟಿನ ಕೊಂಪೆ ಕಟ್ಟಿ, ಪಾಂಡವರೆಂದು ಕರೆಯುವ ಐದು ಕಲ್ಲುಗಳಿಗೆ ಸುಣ್ಣ ಬಳಿದು ಪೂಜಿಸುತ್ತಾರೆ. ಹಸಿ ಕಾಳು, ಸೊಪ್ಪು, ತರಕಾರಿ ಬೆರೆಸಿ ಬೇಯಿಸಿದ ಬಜ್ಜಿ, ಸಜ್ಜೆ ರೊಟ್ಟಿ, ಅಂಬಲಿಗಳ ನೈವೇದ್ಯವಾದ ಮೇಲೆ ಬೆಳೆಯ ಸುತ್ತ ಚರಗ ಚೆಲ್ಲುತ್ತಾರೆ, ಅಂದರೆ ಅಡಿಗೆಯ ಒಂದು ಪಾಲನ್ನು ಭೂಮಿಗೆ ಅರ್ಪಿಸುತ್ತಾರೆ. ಗಡಿಯಾಚೆಯ ಲಾತೂರಿನ ಮರಾಠಿ ರೈತರೂ ಅದೇ ಅಮಾವಾಸ್ಯೆಯಂದು ಹೊಲಕ್ಕಿಳಿಯುತ್ತಾರೆ. ಅಧಿಕ ಮಾಸದ ತಿದ್ದುಪಡಿಯಿಲ್ಲದಿದ್ದರೆ ಈ ಹಬ್ಬ ಹಿಂಗಾರಿ ಜೋಳ ತೆನೆಗಟ್ಟುವ ಕಾಲವನ್ನು ಬಿಟ್ಟು ಕೆಲವೇ ವರ್ಷಗಳಲ್ಲಿ ಬಿತ್ತನೆಯ ದಿನಗಳತ್ತ ಸರಿದುಹೋಗುತ್ತಿತ್ತು.

ಆದ್ದರಿಂದ ಈ ಕಡೆಗೆ ಹೊರಡುವ ಮಿತ್ರರು ರೈಲಿನ ವೇಳಾಪಟ್ಟಿಗಿಂತ ಮೊದಲು ಗೋಡೆಯ ಪಂಚಾಂಗ ನೋಡುವುದು ಲೇಸು: ಅಷ್ಟೂರಿನ ಉರುಸಿಗೆ ಹಿಜರಿ ತಾರೀಖು ಹುಡುಕದೆ ಹೋಳಿಯಿಂದ ದಿನ ಎಣಿಸಬೇಕು, ಔರಾದಿಗೆ ಬರುವುದಾದರೆ ಎಳ್ಳ ಅಮಾವಾಸ್ಯೆಯ ಹಿಂದಿನ ದಿನವೇ ತಲುಪಬೇಕು, ಹಬ್ಬದ ದಿನ ಊರಿನಲ್ಲಿ ಭೇಟಿಗೆ ಯಾರೂ ಸಿಗುವುದಿಲ್ಲ, ಎಲ್ಲರೂ ಹೊಲದಲ್ಲಿರುತ್ತಾರೆ.

ಇತಿ,
ಸ್ನೇಹಪೂರ್ವಕವಾಗಿ