ಕಥೆಯೊಳಗೊಂದು ಜ್ವಾಲಾಮುಖಿ

ಪುರಾಣಕಥೆಯೊಳಗೆ ಭೂಮಿಯ ನಿಜ ಘಟನೆಗಳನ್ನು ಹುಡುಕುವ ಶಾಸ್ತ್ರವೊಂದಿದೆ, ಜಿಯೋಮಿಥಾಲಜಿ. 1968ರಲ್ಲಿ ಈ ಹೆಸರಿಟ್ಟವರು ಭೂವಿಜ್ಞಾನಿ ಡೊರೊತಿ ವಿಟಾಲಿಯಾನೊ.

ಅಮೆರಿಕದ ಆರೆಗಾನ್‌ನ ಕ್ಲಾಮತ್ ಜನರ ಕಥೆ ಕೇಳಿ: ಪಾತಾಳದ ಒಡೆಯ ಲಾವೊ, ಆಕಾಶದ ಒಡೆಯ ಸ್ಕೆಲ್ ಇಬ್ಬರೂ ಬೆಂಕಿ ಕಾರುತ್ತ ಕಾದಾಡಿದರು. ಕೊನೆಗೆ ಲಾವೊ ನಿಂತಿದ್ದ ಬೆಟ್ಟವೇ ಕುಸಿಯಿತು. ಅಲ್ಲೀಗ 594 ಮೀಟರ್ ಆಳದ ಕ್ರೇಟರ್ ಲೇಕ್ ಇದೆ. ಸುಮಾರು 7,700 ವರ್ಷಗಳ ಹಿಂದೆ ಅಲ್ಲಿದ್ದ ಮಜಾಮಾ ಜ್ವಾಲಾಮುಖಿ ಸಿಡಿದು ಒಳಕ್ಕೆ ಕುಸಿದದ್ದು ನಿಜ. ಅದರ ಬೂದಿಯ ಪದರದಡಿ, ಗಿಡದ ತೊಗಟೆಯಿಂದ ಹೆಣೆದ ಚಪ್ಪಲಿಗಳು ಸಿಕ್ಕಿವೆ. ಅಂದರೆ, ಆ ಸ್ಫೋಟ ನೋಡಲು ಜನ ಇದ್ದರು!

ಎಲ್ಲ ಕಥೆಯೂ ಹೀಗಲ್ಲ. ಉತ್ತರ ಕನ್ನಡದ ಯಾಣದ ಸುಣ್ಣಕಲ್ಲು ಕಪ್ಪಾಗಿದ್ದು, ಕಥೆ ಹೇಳುವಂತೆ ಭಸ್ಮಾಸುರ ಅಲ್ಲಿ ಸುಟ್ಟು ಬೂದಿಯಾದದ್ದರಿಂದಲ್ಲ. ಆದರೂ ನಿಮ್ಮೂರಿನ ಬೆಟ್ಟ, ಕೆರೆಗಳ ಕಥೆಗಳನ್ನು ಹಿರಿಯರಿಂದ ಕೇಳಿ ಬರೆದಿಡಿ, ಈಗಲೇ.