ಹಾವುರಾಣಿಯ ನಿದ್ದೆ

ನಮ್ಮಲ್ಲಿ ಹಾವುರಾಣಿಯನ್ನು ಕಂಡರೆ ಪೊರಕೆ ಹುಡುಕುವವರೇ ಹೆಚ್ಚು. ವಿಷವಿಲ್ಲದ ಆ ಬಡಪ್ರಾಣಿಗೆ ಹೆಸರಿನ 'ಹಾವು' ಮುಳುವಾಯಿತು. 'ರಾಣಿ'ಯನ್ನು ಯಾರೂ ಲಕ್ಷಿಸಲಿಲ್ಲ. ಸಿಡ್ನಿಯಲ್ಲಿರುವ ನನ್ನ ತಂಗಿಯ ಮನೆಯಲ್ಲಾದರೋ ಪರವಾನಗಿ ಪಡೆದು ಅದನ್ನು ಸಾಕಿದ್ದಾರೆ!

ಅಲ್ಲಿಯದು ನೀಲಿ ನಾಲಿಗೆಯ ಜಾತಿ. ಮೊಳದುದ್ದದ ಮೈ, ಗಿಡ್ಡ ಕಾಲು. 20 ವರ್ಷ ಬಾಳಬಲ್ಲ ಜೀವ. ಹೊತ್ತು ಮುಳುಗುತ್ತಲೇ ಮಲಗುವುದರಲ್ಲಿ ಅದು ನಮ್ಮ ಅಜ್ಜಂದಿರ ಹಾಗೆ. ಏಳುವುದರಲ್ಲಿ ಮಾತ್ರ ನನ್ನ ವಿದ್ಯಾರ್ಥಿಗಳ ಹಾಗೆ, ಬಿಸಿಲೇರಬೇಕು. ಪೆಟ್ಟಿಗೆಯ ಒಂದು ತುದಿಯಲ್ಲಿ ಸುಮಾರು 35 ಡಿಗ್ರಿ ಶಾಖದ ದೀಪ, ಇನ್ನೊಂದು ತುದಿ ತಂಪು. ಅಡಗಲು ಪೊಳ್ಳು ಮರದ ತುಂಡು. ಬಿಸಿಲಿಗೆ ಬದಲಾಗಿ ನೇರಳಾತೀತ ದೀಪವೂ ಉಂಟು. ರಾತ್ರಿ ಬೆಳಕೆಲ್ಲ ಆರಬೇಕು. ಹಾವಿಗಿಲ್ಲದ ರೆಪ್ಪೆ ಇದಕ್ಕುಂಟು. ಕಣ್ಣು ಮುಚ್ಚಿಯೇ ಮಲಗುತ್ತದೆ.

ಜೂನ್ ಬಂತೆಂದರೆ ಅಲ್ಲಿ ಚಳಿಗಾಲ. ಮರದಡಿ ಸೇರಿದ ಪ್ರಾಣಿ ವಾರವಾದರೂ ಅಲುಗಲಿಲ್ಲ. "ಮಾವ, ಸತ್ತುಹೋಗಿದೆಯೇನೋ, ಎಬ್ಬಿಸಲಾ?" ಎಂದು ತಂಗಿಯ ಮಗಳು ಫೋನಿನಲ್ಲಿ ಅಳುತ್ತಿದ್ದಳು. ಎಂಬತ್ತು ದಾಟಿದ ತಾಯಿಯ ಕೋಣೆಯಲ್ಲಿ ನಡುರಾತ್ರಿ ನಿಂತು, ಹೊದಿಕೆ ಏರಿಳಿಯುವುದನ್ನು ನೋಡಿ ಹಿಂತಿರುಗುವ ನಾನು ಅವಳನ್ನು ಗದರಿಸಲಾರೆ.

"ಬೇಡಮ್ಮ, ಮಲಗಲಿ" ಎಂದೆ. ಚಳಿಯಲ್ಲಿ ಅದರ ಮೈಯೂ ತಣ್ಣಗಾಗುತ್ತದೆ. ಆಗ ಪ್ರೀತಿಯಿಂದ ಉಣಿಸಿದ್ದು ಜೀರ್ಣವಾಗದೆ ಹೊಟ್ಟೆಯಲ್ಲೇ ಕೊಳೆತೀತು. ಬಟ್ಟಲಲ್ಲಿ ನೀರಿಟ್ಟು, ಆಗಾಗ ತೂಕ ನೋಡಿದರಾಯಿತು. ಕಣ್ಣು ಗುಳಿಬಿದ್ದರೆ, ಮೈ ಸೊರಗಿದರೆ ಪಶುವೈದ್ಯರಿದ್ದಾರೆ.

ಸೆಪ್ಟೆಂಬರಿನ ಒಂದು ಬೆಳಿಗ್ಗೆ ತಾನಾಗಿಯೇ ಹೊರಬಂದಿತಂತೆ. ಹುಡುಗಿ ಹಿಗ್ಗಿ, ಬಸವನಹುಳು ಹಿಡಿಯಲು ತೋಟಕ್ಕೆ ಓಡಿದಳು. ತಂಗಿ ತಡೆದಳು: ನೆರೆಯವರು ವಿಷ ಇಟ್ಟಿದ್ದರೆ, ಅದನ್ನು ತಿಂದ ಹುಳುವೇ ಇದಕ್ಕೂ ವಿಷ. ಆ ದಿನ ಬೆಂದ ಮೊಟ್ಟೆ, ಕುಂಬಳಕಾಯಿ ಬಡಿಸಿದರು.